ಅಕ್ವೇರಿಯಂ ಮೀನಿಗೆ ಕಾಯಿಲೆಯೇ? ಔಷಧಕ್ಕೂ ಮೊದಲು ನೀರು ಪರೀಕ್ಷಿಸಿ. ಲಕ್ಷಣ, ಚಿಕಿತ್ಸೆಯ ಪೂರ್ಣ ಮಾಹಿತಿ ಇಲ್ಲಿದೆ

ಮಳೆಗಾಲ ಶುರುವಾದ ಒಂದೆರಡು ವಾರದಲ್ಲೇ ಅನೇಕ ಮನೆಗಳ ಅಕ್ವೇರಿಯಂನಲ್ಲಿ ಮೀನುಗಳು ಸಪ್ಪಗಾಗುತ್ತವೆ. ಚುರುಕಾಗಿ ಓಡಾಡುತ್ತಿದ್ದ ಮೋಲಿ ಮೂಲೆ ಸೇರುತ್ತದೆ. ಏಂಜೆಲ್ ಮೀನಿನ ಮೈಮೇಲೆ ಉಪ್ಪು ಉದುರಿಸಿದಂತೆ ಬಿಳಿ ಚುಕ್ಕೆಗಳು ಕಾಣಿಸುತ್ತವೆ. ಗೋಲ್ಡ್ ಫಿಶ್ ನೀರಿನ ಮೇಲ್ಮೈಗೆ ಬಂದು ಬಾಯಿ ತೆರೆದು ಉಸಿರಿಗೆ ಒದ್ದಾಡುತ್ತದೆ. ಮನೆಯವರು ಅಂಗಡಿಗೆ ಓಡಿ ನೀಲಿ ಔಷಧದ ಬಾಟಲಿ ತಂದು ನಾಲ್ಕು ಹನಿ ಹಾಕುತ್ತಾರೆ. ಮರುದಿನ ಇನ್ನೆರಡು ಮೀನು ಸತ್ತಿರುತ್ತವೆ.

ಇಲ್ಲಿ ಮೀನನ್ನು ಕೊಂದಿದ್ದು ರೋಗವೇ, ಔಷಧವೇ ಅಥವಾ ನೀರೇ? ಮೀನು ಸಾಕುವವರು ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ ಇದು. ಸಿಹಿನೀರಿನ ಅಲಂಕಾರಿಕ ಮೀನುಗಳ ಸಾಮಾನ್ಯ ಕಾಯಿಲೆಗಳಲ್ಲಿ ಹೆಚ್ಚಿನವಕ್ಕೆ ದಾರಿ ಮಾಡಿಕೊಡುವುದು ಕೆಟ್ಟ ನೀರು ಮತ್ತು ಹಠಾತ್ ಬದಲಾಗುವ ಉಷ್ಣತೆ. ರೋಗಾಣು ನೀರಿನಲ್ಲಿ ಇದ್ದೇ ಇರುತ್ತದೆ. ಮೀನು ಬಳಲಿದಾಗ ಮಾತ್ರ ಅದು ಮೇಲುಗೈ ಸಾಧಿಸುತ್ತದೆ. ಹೀಗಾಗಿ ಮೊದಲು ನೀರು, ಆಮೇಲೆ ಔಷಧ ಎಂಬುದನ್ನು ನೆನಪಿಟ್ಟುಕೊಳ್ಳಿ.

ಲೋಣಾವಳಾದಂತಹ ಊರಲ್ಲಿ ಮಳೆಗಾಲ ಏಕೆ ಕಷ್ಟ?

ಪುಣೆ ಜಿಲ್ಲೆಯ ಗಿರಿಧಾಮ ಲೋಣಾವಳಾವನ್ನೇ ಉದಾಹರಣೆಯಾಗಿ ತೆಗೆದುಕೊಳ್ಳಬಹುದು. ಸಮುದ್ರಮಟ್ಟದಿಂದ 600 ಮೀಟರ್‌ಗೂ ಎತ್ತರದಲ್ಲಿ, ಸಹ್ಯಾದ್ರಿಯ ಅಂಚಿನಲ್ಲಿರುವ ಈ ಊರಿನಲ್ಲಿ ವರ್ಷಕ್ಕೆ 4,000 ಮಿ.ಮೀ.ಗೂ ಹೆಚ್ಚು ಮಳೆ ಸುರಿಯುತ್ತದೆ. ಮೇ ತಿಂಗಳಲ್ಲಿ 35 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿರುವ ಹಗಲಿನ ಉಷ್ಣತೆ ಜುಲೈ ಹೊತ್ತಿಗೆ 25 ಡಿಗ್ರಿ ಆಸುಪಾಸಿಗೆ ಇಳಿದಿರುತ್ತದೆ. ನಮ್ಮ ಮಡಿಕೇರಿ, ಸಕಲೇಶಪುರ, ಆಗುಂಬೆ ಭಾಗದವರಿಗೂ ಈ ಹವಾಮಾನ ಹೊಸದಲ್ಲ.

ಮೀನು ಶೀತರಕ್ತದ ಪ್ರಾಣಿ. ನೀರು ತಣ್ಣಗಾದರೆ ಅದರ ದೇಹವೂ ತಣ್ಣಗಾಗುತ್ತದೆ. ಗಪ್ಪಿ, ಮೋಲಿ, ಏಂಜೆಲ್, ಫೈಟರ್ ಮುಂತಾದ ಉಷ್ಣವಲಯದ ಮೀನುಗಳಿಗೆ 24ರಿಂದ 28 ಡಿಗ್ರಿ ಬೇಕು. ಹೀಟರ್ ಇಲ್ಲದ ತೊಟ್ಟಿಯಲ್ಲಿ ನೀರು ರಾತ್ರಿ 21 ಡಿಗ್ರಿಗೆ ಇಳಿದರೆ ಅವುಗಳ ರೋಗನಿರೋಧಕ ಶಕ್ತಿ ಕುಗ್ಗುತ್ತದೆ, ತಿಂದದ್ದು ಜೀರ್ಣವಾಗುವುದಿಲ್ಲ. ತಣ್ಣೀರಿನ ಮೀನಾದ ಗೋಲ್ಡ್ ಫಿಶ್‌ಗೆ ಮಾತ್ರ ಇದರಿಂದ ಅಷ್ಟು ತೊಂದರೆಯಿಲ್ಲ.

ಇನ್ನೊಂದು ಸಮಸ್ಯೆ ನೀರಿನ ಗುಣದ್ದು. ಮಳೆನೀರಿನಲ್ಲಿ ಖನಿಜಾಂಶ ತೀರಾ ಕಡಿಮೆ. ಇಂಥ ಮೃದು ನೀರು ಆಮ್ಲೀಯತೆಯನ್ನು ತಡೆದುಕೊಳ್ಳುವುದಿಲ್ಲ. ತೊಟ್ಟಿಯಲ್ಲಿ ತ್ಯಾಜ್ಯ ಹೆಚ್ಚಿದಂತೆ ಪಿಎಚ್ ದಿಢೀರನೆ ಕುಸಿಯಬಹುದು. ಬೆಂಗಳೂರಿನ ಬೋರ್‌ವೆಲ್ ನೀರಿನಂಥ ಗಡಸು ನೀರಿನಲ್ಲಿ ಈ ಅಪಾಯ ಕಡಿಮೆ. ಮೃದು ನೀರಿರುವ ಊರುಗಳಲ್ಲಿ ಚೆನ್ನಾಗಿ ತೊಳೆದ ಕಪ್ಪೆಚಿಪ್ಪಿನ ಚೂರನ್ನು ಒಂದು ಹಿಡಿಯಷ್ಟು ಬಟ್ಟೆಯಲ್ಲಿ ಕಟ್ಟಿ ಫಿಲ್ಟರ್‌ನಲ್ಲಿಟ್ಟರೆ ಪಿಎಚ್ ಸ್ಥಿರವಾಗಿರಲು ಸಹಾಯವಾಗುತ್ತದೆ.

ಮೊದಲ ಕೆಲಸ: ನೀರಿನ ಪರೀಕ್ಷೆ

ಮೀನಿನ ಮಲಮೂತ್ರ ಮತ್ತು ಉಳಿದ ಆಹಾರದಿಂದ ಅಮೋನಿಯಾ ಉತ್ಪತ್ತಿಯಾಗುತ್ತದೆ. ಫಿಲ್ಟರ್‌ನಲ್ಲಿ ನೆಲೆಸಿರುವ ಒಳ್ಳೆಯ ಬ್ಯಾಕ್ಟೀರಿಯಾಗಳು ಇದನ್ನು ಮೊದಲು ನೈಟ್ರೈಟ್ ಆಗಿ, ನಂತರ ಅಷ್ಟೇನೂ ಅಪಾಯಕಾರಿಯಲ್ಲದ ನೈಟ್ರೇಟ್ ಆಗಿ ಪರಿವರ್ತಿಸುತ್ತವೆ. ಹೊಸ ತೊಟ್ಟಿಯಲ್ಲಿ ಈ ಬ್ಯಾಕ್ಟೀರಿಯಾ ಬೆಳೆಯಲು 4ರಿಂದ 6 ವಾರ ಬೇಕು. ತೊಟ್ಟಿ ತಂದ ದಿನವೇ ಹತ್ತು ಮೀನು ಬಿಟ್ಟರೆ ಅವು ಒಂದೆರಡು ವಾರದಲ್ಲಿ ಸಾಯುವುದಕ್ಕೆ ಇದೇ ಕಾರಣ. ಅದು ಸಾಂಕ್ರಾಮಿಕ ರೋಗವಲ್ಲ, ವಿಷಪ್ರಾಶನ.

ಹನಿ ಹಾಕಿ ನೋಡುವ ಪರೀಕ್ಷಾ ಕಿಟ್‌ಗಳು ಅಕ್ವೇರಿಯಂ ಅಂಗಡಿಗಳಲ್ಲಿ ಮತ್ತು ಆನ್‌ಲೈನ್‌ನಲ್ಲಿ ಸಿಗುತ್ತವೆ. ಇರಬೇಕಾದ ಪ್ರಮಾಣ ಹೀಗಿದೆ:

- ಅಮೋನಿಯಾ: 0
- ನೈಟ್ರೈಟ್: 0
- ನೈಟ್ರೇಟ್: 40 ಪಿಪಿಎಂಗಿಂತ ಕಡಿಮೆ
- ಪಿಎಚ್: ಹೆಚ್ಚಿನ ಮೀನುಗಳಿಗೆ 6.5ರಿಂದ 8ರ ಒಳಗೆ, ಏರಿಳಿತವಿಲ್ಲದೆ
- ಉಷ್ಣತೆ: ಉಷ್ಣವಲಯದ ಮೀನುಗಳಿಗೆ 24-28 ಡಿಗ್ರಿ, ಗೋಲ್ಡ್ ಫಿಶ್‌ಗೆ 18-24 ಡಿಗ್ರಿ

ಅಮೋನಿಯಾ ಹೆಚ್ಚಿದ್ದರೆ ಕಿವಿರು ಕೆಂಪಾಗುತ್ತದೆ, ಮೀನು ಮೇಲ್ಮೈಯಲ್ಲಿ ಏದುಸಿರು ಬಿಡುತ್ತದೆ. ನೈಟ್ರೈಟ್ ರಕ್ತದ ಆಮ್ಲಜನಕ ಸಾಗಿಸುವ ಶಕ್ತಿಯನ್ನೇ ಕೆಡಿಸುವುದರಿಂದ ಕಿವಿರು ಕಂದು ಬಣ್ಣಕ್ಕೆ ತಿರುಗುತ್ತದೆ. ಎರಡಕ್ಕೂ ಔಷಧದ ಬಾಟಲಿಯಲ್ಲಿ ಪರಿಹಾರವಿಲ್ಲ. ನೀರಿನ ಶೇ. 25ರಿಂದ 50ರಷ್ಟು ಭಾಗ ಬದಲಿಸಿ, ಏರ್ ಪಂಪ್ ಜೋರಾಗಿ ಓಡಿಸಿ, ಒಂದೆರಡು ದಿನ ಆಹಾರ ನಿಲ್ಲಿಸಿ. ಹೊಸ ನೀರಿನ ಉಷ್ಣತೆ ಹಳೆಯದಕ್ಕೆ ಹತ್ತಿರವಿರಲಿ. ನಲ್ಲಿ ನೀರಾದರೆ ಕ್ಲೋರಿನ್ ಹೋಗಲು 24 ಗಂಟೆ ತೆರೆದ ಬಕೆಟ್‌ನಲ್ಲಿಡಿ, ಇಲ್ಲವೇ ಆ್ಯಂಟಿ ಕ್ಲೋರಿನ್ ಹನಿ ಬಳಸಿ.

ಬಹಳ ದಿನ ಶುಚಿ ಮಾಡದೆ ಪಿಎಚ್ 6ಕ್ಕಿಂತ ಕೆಳಗಿಳಿದ ತೊಟ್ಟಿಯಾದರೆ ಒಮ್ಮೆಲೇ ಅರ್ಧ ನೀರು ಬದಲಿಸಬೇಡಿ. ಪಿಎಚ್ ಏಕಾಏಕಿ ಏರಿದರೆ ಅಲ್ಲಿಯವರೆಗೆ ನಿರುಪದ್ರವಿಯಾಗಿದ್ದ ಅಮೋನಿಯಂ ವಿಷಕಾರಿ ಅಮೋನಿಯಾ ಆಗುತ್ತದೆ. ದಿನಕ್ಕೆ ಶೇ. 10ರಷ್ಟು ಬದಲಿಸುತ್ತಾ ಹೋಗುವುದು ಸುರಕ್ಷಿತ.

ಕಾಯಿಲೆ ಬಿದ್ದ ಮೀನನ್ನು ಗುರುತಿಸುವುದು ಹೇಗೆ?

ಪ್ರತಿದಿನ ಆಹಾರ ಹಾಕುವಾಗ ಎರಡು ನಿಮಿಷ ನಿಂತು ನೋಡಿದರೆ ಸಾಕು. ಈ ಬದಲಾವಣೆಗಳು ಕಂಡರೆ ಎಚ್ಚೆತ್ತುಕೊಳ್ಳಿ:

- ಆಹಾರಕ್ಕೆ ಬಾರದಿರುವುದು ಅಥವಾ ಬಾಯಿಗೆ ಹಾಕಿಕೊಂಡು ಉಗುಳುವುದು
- ರೆಕ್ಕೆಗಳನ್ನು ಮೈಗೆ ಅಂಟಿಸಿಕೊಂಡು ಒಂದೇ ಕಡೆ ನಿಲ್ಲುವುದು
- ಕಲ್ಲು, ಗಿಡ, ಹೀಟರ್‌ಗೆ ಮೈ ಉಜ್ಜುವುದು
- ಕಿವಿರು ವೇಗವಾಗಿ ಬಡಿದುಕೊಳ್ಳುವುದು
- ಬಣ್ಣ ಮಾಸುವುದು, ಮೈಮೇಲೆ ಬಿಳಿ ಲೋಳೆ ಕಟ್ಟುವುದು
- ಬಿಳಿ, ದಾರದಂತಹ ಮಲ

ಎಲ್ಲ ಮೀನುಗಳೂ ಒಟ್ಟಿಗೆ ಏದುಸಿರು ಬಿಡುತ್ತಿದ್ದರೆ ಮೊದಲ ಅನುಮಾನ ನೀರಿನ ಮೇಲಿರಲಿ. ಒಂದೇ ಮೀನಿನಿಂದ ಶುರುವಾಗಿ ನಿಧಾನವಾಗಿ ಉಳಿದವಕ್ಕೂ ಹರಡುತ್ತಿದ್ದರೆ ಅದು ಸೋಂಕಾಗಿರುವ ಸಾಧ್ಯತೆ ಹೆಚ್ಚು.

ಬಿಳಿ ಚುಕ್ಕೆ ರೋಗ

ಅಂಗಡಿಯವರು 'ವೈಟ್ ಸ್ಪಾಟ್' ಅಥವಾ 'ಇಕ್' ಎನ್ನುವ ಈ ಕಾಯಿಲೆ ಅಕ್ವೇರಿಯಂ ಮೀನುಗಳಲ್ಲಿ ಅತಿ ಸಾಮಾನ್ಯ. ಇಕ್ತಿಯೋಫ್ತಿರಿಯಸ್ ಮಲ್ಟಿಫಿಲಿಸ್ ಎಂಬ ಏಕಕೋಶ ಪರೋಪಜೀವಿ ಇದಕ್ಕೆ ಕಾರಣ. ಫ್ರೆಂಚ್ ವಿಜ್ಞಾನಿ ಫೂಕೆ 1876ರಲ್ಲೇ ಇದನ್ನು ವಿವರಿಸಿ ಹೆಸರಿಟ್ಟಿದ್ದರು.

ಮೈ, ರೆಕ್ಕೆ, ಕಿವಿರಿನ ಮೇಲೆ ಸಣ್ಣ ಉಪ್ಪಿನ ಕಾಳಿನಂತಹ ಚುಕ್ಕೆಗಳು ಕಾಣುತ್ತವೆ. ಚುಕ್ಕೆಯೊಳಗೆ ಪರೋಪಜೀವಿ ಚರ್ಮದಡಿ ಅಡಗಿರುವುದರಿಂದ ಆ ಹಂತದಲ್ಲಿ ಯಾವ ಔಷಧವೂ ಅದನ್ನು ಮುಟ್ಟುವುದಿಲ್ಲ. ಬೆಳೆದ ಮೇಲೆ ಅದು ಉದುರಿ ತೊಟ್ಟಿಯ ತಳ ಸೇರಿ, ಒಂದರಿಂದ ನೂರಾರು ಮರಿಗಳಾಗಿ ಒಡೆಯುತ್ತದೆ. ಈ ಮರಿಗಳು ಒಂದೆರಡು ದಿನದಲ್ಲಿ ಹೊಸ ಮೀನನ್ನು ಹುಡುಕಿಕೊಳ್ಳಬೇಕು, ಇಲ್ಲದಿದ್ದರೆ ಸಾಯುತ್ತವೆ. ಔಷಧ ಕೊಲ್ಲುವುದು ಈಜಾಡುವ ಈ ಮರಿಗಳನ್ನು ಮಾತ್ರ.

ಹಲವರು ತಪ್ಪುವುದು ಇಲ್ಲೇ. ಮೂರನೇ ದಿನ ಚುಕ್ಕೆಗಳು ಮಾಯವಾದ ಕೂಡಲೇ ಔಷಧ ನಿಲ್ಲಿಸುತ್ತಾರೆ. ಚುಕ್ಕೆ ಉದುರಿದೆ ಎಂದರೆ ರೋಗ ಹೋಯಿತು ಎಂದಲ್ಲ, ಮರಿಗಳು ಹುಟ್ಟುತ್ತಿವೆ ಎಂದರ್ಥ. ವಾರ ಕಳೆಯುವಷ್ಟರಲ್ಲಿ ಮೊದಲಿಗಿಂತ ಹೆಚ್ಚು ಚುಕ್ಕೆಗಳು ಬರುತ್ತವೆ.

ಎಷ್ಟು ದಿನ ಚಿಕಿತ್ಸೆ ಬೇಕು ಎಂಬುದನ್ನು ನಿರ್ಧರಿಸುವುದು ನೀರಿನ ಉಷ್ಣತೆ. 25 ಡಿಗ್ರಿಯಲ್ಲಿ ಈ ಜೀವನಚಕ್ರ ಸುಮಾರು ಒಂದು ವಾರದೊಳಗೆ ಮುಗಿಯುತ್ತದೆ. ನೀರು 10 ಡಿಗ್ರಿಗೆ ಇಳಿದರೆ ಒಂದು ತಿಂಗಳಿಗೂ ಹೆಚ್ಚು ಬೇಕು. ಹೀಗಾಗಿ ಕಲಬುರಗಿಯ ಬೇಸಿಗೆಯಲ್ಲಿ ಹತ್ತು ದಿನ ಸಾಕಾಗುವ ಚಿಕಿತ್ಸೆಯನ್ನು ಲೋಣಾವಳಾ ಅಥವಾ ಮಡಿಕೇರಿಯ ಜುಲೈನಲ್ಲಿ, ಹೀಟರ್ ಇಲ್ಲದ ತೊಟ್ಟಿಯಲ್ಲಿ ಎರಡು-ಮೂರು ವಾರ ಮುಂದುವರಿಸಬೇಕಾಗುತ್ತದೆ.

ಚಿಕಿತ್ಸೆ ಹೀಗಿರಲಿ:

- ಹೀಟರ್ ಇದ್ದರೆ ಉಷ್ಣತೆಯನ್ನು ನಿಧಾನವಾಗಿ 30 ಡಿಗ್ರಿಗೆ ಏರಿಸಿ. ಗಂಟೆಗೆ 1 ಡಿಗ್ರಿಗಿಂತ ವೇಗ ಬೇಡ. ಬಿಸಿ ನೀರಿನಲ್ಲಿ ಆಮ್ಲಜನಕ ಕಡಿಮೆ, ಆದ್ದರಿಂದ ಏರ್ ಪಂಪ್ ಕಡ್ಡಾಯ. ಗೋಲ್ಡ್ ಫಿಶ್‌ಗೆ ಇಷ್ಟು ಬಿಸಿ ಬೇಡ.
- ಕಲ್ಲುಪ್ಪನ್ನು ಮಗ್‌ನಲ್ಲಿ ಕರಗಿಸಿ, ಲೀಟರ್‌ಗೆ 1 ಗ್ರಾಂನಿಂದ ಶುರುಮಾಡಿ, ಎರಡು ದಿನದಲ್ಲಿ 2 ಗ್ರಾಂವರೆಗೆ ಏರಿಸಿ. ಕಾರಿಡೋರಾಸ್, ಲೋಚ್‌ನಂತಹ ಮೀನುಗಳು, ಕೆಲವು ಟೆಟ್ರಾಗಳು ಮತ್ತು ಗಿಡಗಳು ಉಪ್ಪನ್ನು ಸಹಿಸುವುದಿಲ್ಲ.
- ಉಪ್ಪು ಮತ್ತು ಬಿಸಿಯಿಂದ ಹತೋಟಿಗೆ ಬಾರದಿದ್ದರೆ ಮಾತ್ರ ಮ್ಯಾಲಕೈಟ್ ಗ್ರೀನ್-ಫಾರ್ಮಲಿನ್ ಇರುವ ಅಕ್ವೇರಿಯಂ ಔಷಧ ಬಳಸಿ. ಲೇಬಲ್ ಮೇಲಿನ ಪ್ರಮಾಣ ಮೀರಬೇಡಿ. ಹುರುಪೆ ಇಲ್ಲದ ಮೀನುಗಳಿದ್ದರೆ ಅರ್ಧ ಪ್ರಮಾಣ ಸಾಕು. ಕೈಗವಸು ಧರಿಸಿ. ತಿನ್ನುವ ಮೀನಿಗೆ ಇದನ್ನು ಎಂದೂ ಬಳಸಬಾರದು.
- ತಳದ ಕಲ್ಲುಗಳ ನಡುವಿನ ಕೊಳೆಯನ್ನು ದಿನ ಬಿಟ್ಟು ದಿನ ಪೈಪ್‌ನಿಂದ ಎಳೆದು ತೆಗೆಯಿರಿ. ಉದುರಿದ ಪರೋಪಜೀವಿಗಳಲ್ಲಿ ಸಾಕಷ್ಟು ಹೀಗೆಯೇ ಹೊರಹೋಗುತ್ತವೆ.
- ಕೊನೆಯ ಚುಕ್ಕೆ ಕಂಡ ಮೇಲೂ ಕನಿಷ್ಠ ಒಂದು ವಾರ ಚಿಕಿತ್ಸೆ ಮುಂದುವರಿಸಿ.

ಚಿನ್ನದ ಪುಡಿ ಉದುರಿಸಿದಂತೆ ಕಂಡರೆ ವೆಲ್ವೆಟ್

ಚುಕ್ಕೆಗಳು ಬಿಡಿಬಿಡಿಯಾಗಿರದೆ, ಮೈಗೆ ಚಿನ್ನದ ಅಥವಾ ತುಕ್ಕಿನ ಬಣ್ಣದ ಸಣ್ಣ ಪುಡಿ ಸವರಿದಂತಿದ್ದರೆ ಅದು ವೆಲ್ವೆಟ್ ರೋಗ. ಕೋಣೆಯ ದೀಪ ಆರಿಸಿ, ಬದಿಯಿಂದ ಟಾರ್ಚ್ ಬಿಟ್ಟು ನೋಡಿದರೆ ಸ್ಪಷ್ಟವಾಗಿ ಕಾಣುತ್ತದೆ. ಫೈಟರ್ ಮೀನುಗಳಲ್ಲಿ ಇದು ಹೆಚ್ಚು. ಇದರ ಪರೋಪಜೀವಿ ಸಸ್ಯದಂತೆ ಬೆಳಕಿನಿಂದಲೂ ಆಹಾರ ಪಡೆಯುತ್ತದೆ. ಹಾಗಾಗಿ ತೊಟ್ಟಿಯ ದೀಪ ಆರಿಸಿ, ಸುತ್ತ ಬಟ್ಟೆ ಮುಚ್ಚಿ ಕತ್ತಲು ಮಾಡುವುದು ಚಿಕಿತ್ಸೆಯ ಭಾಗ. ತಾಮ್ರ ಇರುವ ಔಷಧಗಳು ಇದಕ್ಕೆ ಪರಿಣಾಮಕಾರಿ, ಆದರೆ ಸಿಗಡಿ ಮತ್ತು ಬಸವನಹುಳುಗಳಿಗೆ ತಾಮ್ರ ಪ್ರಾಣಾಂತಿಕ. ಅವಿರುವ ತೊಟ್ಟಿಯಲ್ಲಿ ಬಳಸದೆ ಮೀನನ್ನೇ ಬೇರೆ ಟಬ್‌ಗೆ ಹಾಕಿ.

ಬಾಯಿಯ ಬಳಿ ಬಿಳಿ: ಶಿಲೀಂಧ್ರವೋ, ಬ್ಯಾಕ್ಟೀರಿಯಾವೋ?

ಈ ಎರಡರ ನಡುವಿನ ಗೊಂದಲದಿಂದಲೂ ಮೀನುಗಳು ಸಾಯುತ್ತವೆ. ಎರಡೂ ಬಿಳಿಯೇ, ಆದರೆ ಚಿಕಿತ್ಸೆ ಬೇರೆ.

ಹತ್ತಿಯ ಉಂಡೆಯಂತೆ, ಎಳೆಎಳೆಯಾಗಿ ಹೊರಚಾಚಿದ್ದರೆ ಅದು ಶಿಲೀಂಧ್ರದಂತಹ ಸಾಪ್ರೊಲೆಗ್ನಿಯಾ. ಗಾಯವಾದ ಜಾಗದಲ್ಲಿ, ಸತ್ತ ಮೊಟ್ಟೆಗಳ ಮೇಲೆ ಬೆಳೆಯುತ್ತದೆ. ತಣ್ಣೀರಿನಲ್ಲಿ ಜೋರು. ಮೀನನ್ನು ಬೇರೆ ಟಬ್‌ಗೆ ಹಾಕಿ ಉಪ್ಪು ಅಥವಾ ಮಿಥಿಲೀನ್ ಬ್ಲೂ ಬಳಸಿದರೆ ಸಾಮಾನ್ಯವಾಗಿ ಗುಣವಾಗುತ್ತದೆ.

ತುಟಿಯ ಸುತ್ತ ಬೂದು-ಬಿಳಿ ಪದರ, ಬೆನ್ನಿನ ಮೇಲೆ ಕುದುರೆಯ ಜೀನಿನ ಆಕಾರದ ಮಾಸಲು ಪಟ್ಟಿ ಕಂಡರೆ ಅದು ಕಾಲಮ್ನಾರಿಸ್ ಎಂಬ ಬ್ಯಾಕ್ಟೀರಿಯಾ ಸೋಂಕು. ನೋಡಲು ಹತ್ತಿಯಂತಿದ್ದರೂ ಎಳೆಗಳು ಗಿಡ್ಡ, ಅಂಚು ಕೆಂಪಾಗಿರಬಹುದು. ಬಿಸಿ ನೀರಿನಲ್ಲಿ ಇದು ವೇಗವಾಗಿ ಹರಡುತ್ತದೆ. ತೀವ್ರವಾಗಿದ್ದರೆ ಒಂದೆರಡು ದಿನದಲ್ಲೇ ಮೀನು ಸಾಯುತ್ತದೆ. ಬಿಳಿ ಚುಕ್ಕೆ ಎಂದುಕೊಂಡು ಹೀಟರ್ ಏರಿಸಿದರೆ ರೋಗಕ್ಕೆ ನೆರವಾದಂತೆ. ಕಾಲಮ್ನಾರಿಸ್ ಅನುಮಾನವಿದ್ದರೆ ಉಷ್ಣತೆಯನ್ನು 24 ಡಿಗ್ರಿ ಆಸುಪಾಸಿನಲ್ಲಿಟ್ಟು, ಮೀನನ್ನು ಪ್ರತ್ಯೇಕಿಸಿ, ಉಪ್ಪು ಹಾಕಿ, ಆ್ಯಂಟಿಬಯೋಟಿಕ್‌ಗಾಗಿ ಪಶುವೈದ್ಯರನ್ನು ಕೂಡಲೇ ಕಾಣಿ.

ರೆಕ್ಕೆ ಕೊಳೆತ

ರೆಕ್ಕೆ ಮತ್ತು ಬಾಲದ ಅಂಚು ಬೆಳ್ಳಗಾಗಿ, ಹರಿದ ಬಟ್ಟೆಯಂತೆ ಸವೆಯುತ್ತಾ ಬರುತ್ತದೆ. ಏರೊಮೊನಾಸ್, ಸ್ಯೂಡೊಮೊನಾಸ್‌ನಂತಹ ಬ್ಯಾಕ್ಟೀರಿಯಾ ಕಾರಣವಾದರೂ ಮೂಲ ಇರುವುದು ಕೊಳಕು ನೀರಿನಲ್ಲಿ. ರೆಕ್ಕೆ ನೇರವಾಗಿ ಕತ್ತರಿಸಿದಂತಿದ್ದು ಅಂಚು ಸ್ವಚ್ಛವಾಗಿದ್ದರೆ ಅದು ರೋಗವಲ್ಲ, ಟೈಗರ್ ಬಾರ್ಬ್‌ನಂತಹ ಜೊತೆಗಾರ ಮೀನಿನ ಕಡಿತ. ಅಂಥ ಮೀನನ್ನು ಬೇರೆ ಮಾಡಿದರೆ ಸಾಕು. ನಿಜವಾದ ಕೊಳೆತವಾದರೆ ಒಂದು ವಾರ ದಿನವೂ ಶೇ. 20-25ರಷ್ಟು ನೀರು ಬದಲಿಸಿ, ಲೀಟರ್‌ಗೆ 1 ಗ್ರಾಂ ಉಪ್ಪು ಹಾಕಿ. ಆರಂಭದ ಹಂತದಲ್ಲಿ ಇಷ್ಟರಲ್ಲೇ ವಾಸಿಯಾಗಿ, ಪಾರದರ್ಶಕ ಹೊಸ ರೆಕ್ಕೆ ಬೆಳೆಯುವುದು ಕಾಣುತ್ತದೆ. ಕೊಳೆತ ಮೈವರೆಗೆ ತಲುಪಿದ್ದರೆ ಪಶುವೈದ್ಯರ ಸಲಹೆ ಬೇಕು.

ಹೊಟ್ಟೆ ಉಬ್ಬಿ ಹುರುಪೆ ಎದ್ದು ನಿಂತರೆ

ಮೇಲಿನಿಂದ ನೋಡಿದಾಗ ಹುರುಪೆಗಳು ಪೈನ್ ಕಾಯಿಯಂತೆ ಹೊರಗೆ ಎದ್ದಿದ್ದರೆ ಅದನ್ನು ಡ್ರಾಪ್ಸಿ ಎನ್ನುತ್ತಾರೆ. ಇದು ಒಂದು ರೋಗವಲ್ಲ, ಮೂತ್ರಪಿಂಡ ಸೋತು ದೇಹದಲ್ಲಿ ನೀರು ತುಂಬಿಕೊಂಡಿರುವ ಲಕ್ಷಣ. ಈ ಹಂತ ತಲುಪಿದ ಮೀನು ಉಳಿಯುವುದು ಅಪರೂಪ. ಮೀನನ್ನು ಪ್ರತ್ಯೇಕಿಸಿ, ವೈದ್ಯರ ಸಲಹೆಯಂತೆ ಎಪ್ಸಮ್ ಸಾಲ್ಟ್ ಬಳಸಬಹುದು. ಇಲ್ಲಿ ಅಡುಗೆ ಉಪ್ಪು ಬೇಡ. ಉಳಿದ ಮೀನುಗಳಿಗಾಗಿ ನೀರು ಪರೀಕ್ಷಿಸುವುದು ಹೆಚ್ಚು ಮುಖ್ಯ. ಹುರುಪೆ ಎದ್ದಿಲ್ಲದೆ ಹೊಟ್ಟೆ ಮಾತ್ರ ದಪ್ಪಗಿದ್ದರೆ ಮೀನು ಗರ್ಭಿಣಿಯಾಗಿರಬಹುದು ಅಥವಾ ಮಲಬದ್ಧತೆ ಇರಬಹುದು, ಗಾಬರಿ ಬೇಡ.

ತಲೆಕೆಳಗಾಗಿ ತೇಲುವ ಮೀನು

ಗುಂಡಗಿನ ಗೋಲ್ಡ್ ಫಿಶ್ ತಳಿಗಳಲ್ಲಿ, ಫೈಟರ್‌ಗಳಲ್ಲಿ ಗಾಳಿಚೀಲದ ತೊಂದರೆ ಸಾಮಾನ್ಯ. ಮೀನು ಒಂದು ಬದಿಗೆ ವಾಲುತ್ತದೆ, ತಲೆಕೆಳಗಾಗಿ ತೇಲುತ್ತದೆ ಇಲ್ಲವೇ ತಳದಿಂದ ಮೇಲೇಳುವುದೇ ಇಲ್ಲ. ಬಹಳ ಸಲ ಅತಿಯಾದ ಆಹಾರವೇ ಕಾರಣ. ಎರಡು-ಮೂರು ದಿನ ಉಪವಾಸ ಹಾಕಿ. ನಂತರ ಗೋಲ್ಡ್ ಫಿಶ್‌ಗೆ ಬೇಯಿಸಿ ಸಿಪ್ಪೆ ತೆಗೆದ ಬಟಾಣಿಯನ್ನು ಸಣ್ಣ ಚೂರು ಮಾಡಿ ಕೊಡಿ. ತೇಲುವ ಕಾಳಿನ ಬದಲು ಮುಳುಗುವ ಆಹಾರ ಹಾಕಿ. ತಣ್ಣಗಿನ ವಾತಾವರಣದಲ್ಲಿ ಜೀರ್ಣಶಕ್ತಿ ಕಡಿಮೆ ಇರುವುದರಿಂದ ಮಳೆಗಾಲದಲ್ಲಿ ಆಹಾರದ ಪ್ರಮಾಣ ತಗ್ಗಿಸುವುದು ಒಳ್ಳೆಯದು.

ಬರಿಗಣ್ಣಿಗೆ ಕಾಣುವ ಹುಳು, ಹೇನು

- ಮೀನು ಹೇನು: ಚಪ್ಪಟೆ, ಗುಂಡಗಿನ, ಪಾರದರ್ಶಕ ಜೀವಿ. ಮೈಮೇಲೆ ಹರಿದಾಡುವುದು ಕಾಣುತ್ತದೆ. ಗೋಲ್ಡ್ ಫಿಶ್, ಕೋಯಿಗಳಲ್ಲಿ ಹೆಚ್ಚು.
- ಲಂಗರು ಹುಳು: ಚರ್ಮದಿಂದ ಹೊರಬಂದ ಸಣ್ಣ ದಾರದ ತುಂಡಿನಂತೆ ಕಾಣುತ್ತದೆ, ಬುಡದಲ್ಲಿ ಕೆಂಪು ಗಾಯವಿರುತ್ತದೆ. ಒದ್ದೆ ಬಟ್ಟೆಯಲ್ಲಿ ಮೀನು ಹಿಡಿದು ಚಿಮಟದಿಂದ ಬುಡಸಮೇತ ಎಳೆಯಬೇಕು. ಮೊಟ್ಟೆಗಳು ತೊಟ್ಟಿಯಲ್ಲೇ ಉಳಿಯುವುದರಿಂದ ಎರಡು-ಮೂರು ವಾರ ಗಮನಿಸುತ್ತಿರಿ.
- ಕಮಲಾನಸ್: ಗಪ್ಪಿ, ಮೋಲಿಗಳ ಗುದದ್ವಾರದಿಂದ ಕೆಂಪು ದಾರದಂತೆ ಇಣುಕುವ ಹುಳು. ವೈದ್ಯರು ಹೇಳುವ ಜಂತುನಾಶಕವೇ ಬೇಕು. ಮಿಥಿಲೀನ್ ಬ್ಲೂನಿಂದ ಪ್ರಯೋಜನವಿಲ್ಲ.
- ತಲೆಯಲ್ಲಿ ರಂಧ್ರ: ಆಸ್ಕರ್, ಡಿಸ್ಕಸ್, ಫ್ಲವರ್‌ಹಾರ್ನ್ ಮೀನುಗಳ ತಲೆಯ ಮೇಲೆ ಸೂಜಿಮೊನೆಯಷ್ಟು ಶುರುವಾಗುವ ಗುಳಿಗಳು. ಹಳೆಯ ನೀರು, ಪೋಷಕಾಂಶಗಳ ಕೊರತೆ ಮತ್ತು ಕರುಳಿನ ಪರೋಪಜೀವಿಗಳಿಗೆ ಇದರೊಂದಿಗೆ ನಂಟಿದೆ.

ಮನುಷ್ಯರಿಗೂ ತಗಲಬಹುದಾದ ಸೋಂಕು

ಮೀನು ತಿನ್ನುತ್ತಿದ್ದರೂ ಸೊರಗುತ್ತಾ ಹೋಗುವುದು, ಬೆನ್ನು ಬಾಗುವುದು, ವಾಸಿಯಾಗದ ಹುಣ್ಣು ಇವು ಮೀನಿನ ಕ್ಷಯದ ಲಕ್ಷಣ. ಮೈಕೊಬ್ಯಾಕ್ಟೀರಿಯಂ ಮರೀನಮ್ ಎಂಬ ಬ್ಯಾಕ್ಟೀರಿಯಾ ಕೈಯ ಗಾಯದ ಮೂಲಕ ಮನುಷ್ಯರ ಚರ್ಮಕ್ಕೂ ಸೋಂಕು ತರಬಹುದು. ಬೆರಳು, ಮುಂಗೈ ಮೇಲೆ ವಾರಗಟ್ಟಲೆ ಹೋಗದ ಗಂಟುಗಳಾಗುತ್ತವೆ. ಅಂಥ ಗಂಟು ಕಂಡರೆ ಚರ್ಮವೈದ್ಯರಿಗೆ ಮನೆಯಲ್ಲಿ ಅಕ್ವೇರಿಯಂ ಇದೆ ಎಂಬುದನ್ನು ತಪ್ಪದೆ ಹೇಳಿ.

ಕೈಯಲ್ಲಿ ಗಾಯವಿದ್ದರೆ ಕೈಗವಸಿಲ್ಲದೆ ತೊಟ್ಟಿಗೆ ಕೈ ಹಾಕಬೇಡಿ. ನೀರು ತೆಗೆಯಲು ಪೈಪ್ ಅನ್ನು ಬಾಯಲ್ಲಿ ಎಳೆಯುವ ಅಭ್ಯಾಸ ಬಿಡಿ. ಪೈಪ್‌ಗೆ ಮೊದಲೇ ನೀರು ತುಂಬಿಸಿ ಇಳಿಬಿಟ್ಟರೆ ಅದೇ ಕೆಲಸ ಆಗುತ್ತದೆ.

ಔಷಧ ಹಾಕುವ ಮುನ್ನ ಲೆಕ್ಕ ಮಾಡಿ

ನಮ್ಮಲ್ಲಿ ತೊಟ್ಟಿ ಮಾರುವುದು ಅಡಿ ಲೆಕ್ಕದಲ್ಲಿ, ಔಷಧದ ಲೇಬಲ್ ಇರುವುದು ಲೀಟರ್ ಲೆಕ್ಕದಲ್ಲಿ. ಒಂದು ಘನ ಅಡಿ ಎಂದರೆ ಸುಮಾರು 28 ಲೀಟರ್. 2 ಅಡಿ ಉದ್ದ, 1 ಅಡಿ ಅಗಲ, 1 ಅಡಿ ಎತ್ತರದ ತೊಟ್ಟಿಯಲ್ಲಿ ಅಂಚಿನವರೆಗೆ ಸುಮಾರು 56 ಲೀಟರ್ ಹಿಡಿಯುತ್ತದೆ. ಮೇಲಿನ ಖಾಲಿ ಜಾಗ, ಕೆಳಗಿನ ಕಲ್ಲು ಕಳೆದರೆ ನಿಜವಾದ ನೀರು 45 ಲೀಟರ್ ಆಸುಪಾಸು. ಲೀಟರ್‌ಗೆ 1 ಗ್ರಾಂನಂತೆ ಉಪ್ಪು ಹಾಕುವುದಾದರೆ 45 ಗ್ರಾಂ ಸಾಕು. ಅಂದಾಜಿನ ಹಿಡಿ ಬೇಡ, ತೂಕ ಮಾಡಿ.

ಇನ್ನು ಕೆಲವು ಎಚ್ಚರಿಕೆಗಳು:

- ಫಿಲ್ಟರ್‌ನಲ್ಲಿ ಇದ್ದಿಲು ಇದ್ದರೆ ತೆಗೆಯಿರಿ, ಅದು ಔಷಧವನ್ನು ಹೀರಿಕೊಳ್ಳುತ್ತದೆ. ಆದರೆ ಫಿಲ್ಟರ್ ಆರಿಸಬೇಡಿ.
- ಎರಡು ಔಷಧ ಒಟ್ಟಿಗೆ ಬೆರೆಸಬೇಡಿ.
- ಮಿಥಿಲೀನ್ ಬ್ಲೂ ಒಳ್ಳೆಯ ಬ್ಯಾಕ್ಟೀರಿಯಾಗಳನ್ನೂ ಕೊಲ್ಲುತ್ತದೆ. ಮುಖ್ಯ ತೊಟ್ಟಿಗೆ ಹಾಕದೆ ಬೇರೆ ಟಬ್‌ನಲ್ಲಿ ಮಾತ್ರ ಬಳಸಿ.
- ನೀರು ಆವಿಯಾದರೂ ಉಪ್ಪು ಉಳಿಯುತ್ತದೆ. ಬದಲಿಸಿದ ನೀರಿನ ಪಾಲಿಗೆ ಮಾತ್ರ ಮತ್ತೆ ಉಪ್ಪು ಸೇರಿಸಿ.
- ಮೆಡಿಕಲ್ ಶಾಪ್‌ನಿಂದ ಆ್ಯಂಟಿಬಯೋಟಿಕ್ ಕ್ಯಾಪ್ಸೂಲ್ ತಂದು ಬಿಚ್ಚಿ ಸುರಿಯಬೇಡಿ. ಅರ್ಧಂಬರ್ಧ ಪ್ರಮಾಣದಿಂದ ಔಷಧಕ್ಕೆ ಬಗ್ಗದ ಬ್ಯಾಕ್ಟೀರಿಯಾ ಬೆಳೆಯುತ್ತವೆ. ಆ ನೀರು ಕೊನೆಗೆ ಸೇರುವುದು ಚರಂಡಿಗೆ.

ಹೊಸ ಮೀನಿಗೆ ಪ್ರತ್ಯೇಕ ವಾಸ

ರೋಗಗಳು ಮನೆಗೆ ಬರುವುದು ಬಹುತೇಕ ಹೊಸ ಮೀನಿನ ಜೊತೆಗೆ. 20 ಲೀಟರ್‌ನ ಪ್ಲಾಸ್ಟಿಕ್ ಟಬ್, ಸ್ಪಾಂಜ್ ಫಿಲ್ಟರ್, ಸಣ್ಣ ಏರ್ ಪಂಪ್ ಇಷ್ಟಿದ್ದರೆ ಮೀನಿನ ಆಸ್ಪತ್ರೆ ಸಿದ್ಧ. ತಂದ ಮೀನನ್ನು 2ರಿಂದ 4 ವಾರ ಇದರಲ್ಲಿಟ್ಟು, ಆರೋಗ್ಯವಾಗಿದ್ದರೆ ಮಾತ್ರ ಮುಖ್ಯ ತೊಟ್ಟಿಗೆ ಬಿಡಿ. ಅಂಗಡಿಯ ಕವರ್‌ನ ನೀರನ್ನು ತೊಟ್ಟಿಗೆ ಸುರಿಯಬೇಡಿ. ಟಬ್‌ನ ಬಲೆ, ಪೈಪ್ ಬೇರೆಯೇ ಇರಲಿ.

ಕರೆಂಟ್ ಹೋದಾಗ, ಮನೆಯಲ್ಲಿ ಯಾರೂ ಇಲ್ಲದಾಗ

ಘಟ್ಟದ ಊರುಗಳಲ್ಲಿ ಮಳೆ-ಗಾಳಿಗೆ ಕರೆಂಟ್ ಹೋಗುವುದು ಮಾಮೂಲು. ಬ್ಯಾಟರಿ ಚಾಲಿತ ಏರ್ ಪಂಪ್ ಒಂದನ್ನು ಇಟ್ಟುಕೊಳ್ಳಿ. ಅದಿಲ್ಲದಿದ್ದರೆ ಆಗಾಗ ಮಗ್‌ನಿಂದ ನೀರೆತ್ತಿ ಮೇಲಿನಿಂದ ಸುರಿದರೂ ಆಮ್ಲಜನಕ ಬೆರೆಯುತ್ತದೆ. ಆ ಹೊತ್ತಿನಲ್ಲಿ ಆಹಾರ ಹಾಕಬೇಡಿ. ಹಲವು ಗಂಟೆ ನಿಂತಿದ್ದ ಡಬ್ಬಿ ಫಿಲ್ಟರ್ ಒಳಗೆ ನೀರು ಕೆಟ್ಟಿರುತ್ತದೆ. ಅದನ್ನು ತೊಟ್ಟಿಯಿಂದ ತೆಗೆದ ನೀರಿನಲ್ಲೇ ತೊಳೆದು ಮತ್ತೆ ಹಾಕಿ.

ಮುಂಬೈ, ಪುಣೆಯವರ ವಾರಾಂತ್ಯದ ಬಂಗಲೆಗಳು ಲೋಣಾವಳಾದಲ್ಲಿ ಸಾಕಷ್ಟಿವೆ. ಇಂಥ ಮನೆಯಲ್ಲಿ ತೊಟ್ಟಿ ಇಟ್ಟವರು ಹೊರಡುವಾಗ ವಾರಕ್ಕಾಗುವಷ್ಟು ಆಹಾರ ಒಮ್ಮೆಗೇ ಸುರಿದರೆ ಅಮೋನಿಯಾ ಏರುವುದು ಖಚಿತ. ಆರೋಗ್ಯವಂತ ದೊಡ್ಡ ಮೀನುಗಳು ಮೂರು-ನಾಲ್ಕು ದಿನ ಆಹಾರವಿಲ್ಲದೆ ಇರಬಲ್ಲವು. ಕಾವಲಿನವರಿಗೆ ಆಹಾರ ಹಾಕಲು ಹೇಳುವುದಾದರೆ ಡಬ್ಬಿ ಕೊಡಬೇಡಿ, ಒಂದೊಂದು ಹೊತ್ತಿನದನ್ನು ಕಾಗದದಲ್ಲಿ ಪೊಟ್ಟಣ ಕಟ್ಟಿ ಕೊಡಿ.

ಸಾಕಲಾಗದ ಮೀನನ್ನು ಕೆರೆಗೆ ಬಿಡಬೇಡಿ

ಕಾಯಿಲೆ ಬಿದ್ದ ಅಥವಾ ದೊಡ್ಡದಾದ ಮೀನನ್ನು ಪುಣ್ಯ ಬರುತ್ತದೆ ಎಂದು ಹತ್ತಿರದ ಕೆರೆಗೆ, ಹೊಳೆಗೆ ಬಿಡುವವರಿದ್ದಾರೆ. ಲೋಣಾವಳಾ ಸಮೀಪದ ಬೆಟ್ಟಗಳಲ್ಲಿ ಹುಟ್ಟುವ ಇಂದ್ರಾಯಣಿ ನದಿ ದೇಹು, ಆಳಂದಿ ದಾಟಿ ಭೀಮೆಯನ್ನು ಸೇರುತ್ತದೆ. ಅದೇ ಭೀಮೆ ವಿಜಯಪುರ, ಕಲಬುರಗಿ, ಯಾದಗಿರಿ ಜಿಲ್ಲೆಗಳಲ್ಲಿ ಹರಿದು ಕೃಷ್ಣೆಯನ್ನು ಕೂಡುತ್ತದೆ. ಒಂದು ಕಡೆ ಬಿಟ್ಟ ರೋಗ, ಇನ್ನೊಂದು ಕಡೆಯ ಮೀನುಗಾರರ ಬಲೆಗೆ ತಲುಪಬಹುದು. ತೊಟ್ಟಿ ಶುಚಿ ಮಾಡಲೆಂದು ತರುವ ಸಕ್ಕರ್ ಮೀನು ಭಾರತದ ಹಲವು ಕೆರೆ, ನದಿಗಳಲ್ಲಿ ಈಗಾಗಲೇ ನೆಲೆಯೂರಿ ಸ್ಥಳೀಯ ಮೀನುಗಳಿಗೆ ಕಂಟಕವಾಗಿದೆ.

ಮೀನನ್ನು ಒಂದು ನೀರಿನಿಂದ ಇನ್ನೊಂದಕ್ಕೆ ಸಾಗಿಸುವುದು ಎಷ್ಟು ಸೂಕ್ಷ್ಮ ಎಂಬುದಕ್ಕೆ ಲೋಣಾವಳಾ ಮತ್ತು ಕಾವೇರಿಯ ನಡುವೆಯೇ ಒಂದು ಪಾಠವಿದೆ. ಲೋಣಾವಳಾದ ವಲವಣ ಜಲಾಶಯದ ಬಳಿ ಟಾಟಾ ಪವರ್ ಸಂಸ್ಥೆ 50 ವರ್ಷಗಳಿಗೂ ಹೆಚ್ಚು ಕಾಲದಿಂದ ಮಹಶೀರ್ ಮೀನಿನ ಮರಿಗಳನ್ನು ಬೆಳೆಸುತ್ತಿದೆ. ಅಪಾಯದಂಚಿನಲ್ಲಿದ್ದ ನೀಲಿ ರೆಕ್ಕೆಯ ಮಹಶೀರ್ ಇಂದು ಚೇತರಿಸಿಕೊಂಡಿರುವುದರಲ್ಲಿ ಈ ಕೇಂದ್ರದ ಪಾತ್ರ ದೊಡ್ಡದು. ಆದರೆ ಇಲ್ಲಿನ ಮರಿಗಳನ್ನು ಕಾವೇರಿಗೂ ಬಿಡಲಾಗಿತ್ತು. ಅಲ್ಲಿನ ಮೂಲ ನಿವಾಸಿಯಾದ ಗೂನುಬೆನ್ನಿನ ಮಹಶೀರ್ ಕ್ರಮೇಣ ಕಡಿಮೆಯಾಗಿ, 2018ರಲ್ಲಿ ಐಯುಸಿಎನ್ ಕೆಂಪುಪಟ್ಟಿಯ ತೀವ್ರ ಅಪಾಯದಂಚಿನ ವರ್ಗಕ್ಕೆ ಸೇರಿತು. ಹೊರಗಿನಿಂದ ಬಂದ ಮಹಶೀರ್ ಇದಕ್ಕೆ ಮುಖ್ಯ ಕಾರಣಗಳಲ್ಲೊಂದು ಎನ್ನುತ್ತಾರೆ ಸಂಶೋಧಕರು. ಒಳ್ಳೆಯ ಉದ್ದೇಶದಿಂದ ಬಿಟ್ಟ ಆರೋಗ್ಯವಂತ ಮೀನಿನಿಂದಲೇ ಹೀಗಾಗುವುದಾದರೆ ರೋಗಿ ಮೀನಿನ ಕತೆ ಹೇಳಬೇಕಿಲ್ಲ.

ಸಾಕಲಾಗದ ಮೀನನ್ನು ಅಂಗಡಿಗೆ ಹಿಂತಿರುಗಿಸಿ ಅಥವಾ ಬೇರೆ ಸಾಕಣೆದಾರರಿಗೆ ಕೊಡಿ. ಸತ್ತ ಮೀನನ್ನು ಮಣ್ಣಿನಲ್ಲಿ ಆಳವಾಗಿ ಹೂಳಿ. ಶೌಚಾಲಯಕ್ಕೆ, ಹಳ್ಳಕ್ಕೆ ಹಾಕಬೇಡಿ.

ಯಾರನ್ನು ಕೇಳಬೇಕು?

ಮೀನಿನ ಚಿಕಿತ್ಸೆ ಬಲ್ಲ ಪಶುವೈದ್ಯರು ಎಲ್ಲ ಊರಲ್ಲೂ ಸಿಗುವುದಿಲ್ಲ. ಕರ್ನಾಟಕದಲ್ಲಿ 1969ರಲ್ಲಿ ಆರಂಭವಾದ ಮಂಗಳೂರಿನ ಮೀನುಗಾರಿಕಾ ಕಾಲೇಜು, ಬೆಂಗಳೂರಿನ ಹೆಸರಘಟ್ಟದ ಮೀನುಗಾರಿಕಾ ಸಂಶೋಧನಾ ಮತ್ತು ಮಾಹಿತಿ ಕೇಂದ್ರ, ಮಹಾರಾಷ್ಟ್ರದಲ್ಲಿ ಮುಂಬೈನ ಕೇಂದ್ರೀಯ ಮೀನುಗಾರಿಕಾ ಶಿಕ್ಷಣ ಸಂಸ್ಥೆ ಈ ಕ್ಷೇತ್ರದ ಪ್ರಮುಖ ಸಂಸ್ಥೆಗಳು. ಮೀನು ಕೃಷಿಕರಿಗಾಗಿ ಕೇಂದ್ರ ಸರ್ಕಾರ 2023ರ ಜೂನ್‌ನಲ್ಲಿ 'ರಿಪೋರ್ಟ್ ಫಿಶ್ ಡಿಸೀಸ್' ಎಂಬ ಆ್ಯಪ್ ಬಿಡುಗಡೆ ಮಾಡಿದೆ.

ತಜ್ಞರನ್ನು ಸಂಪರ್ಕಿಸುವಾಗ ತೊಟ್ಟಿಯ ಅಳತೆ, ಮೀನುಗಳ ಸಂಖ್ಯೆ, ನೀರಿನ ಪರೀಕ್ಷೆಯ ಫಲಿತಾಂಶ, ಕೊನೆಯ ಬಾರಿ ನೀರು ಬದಲಿಸಿದ ದಿನ, ಈಗಾಗಲೇ ಹಾಕಿದ ಔಷಧ ಇವನ್ನು ಬರೆದಿಟ್ಟುಕೊಳ್ಳಿ. ಮೀನಿನ ಸ್ಪಷ್ಟ ವಿಡಿಯೋ ಇರಲಿ. ಇಷ್ಟು ಮಾಹಿತಿ ಇದ್ದರೆ ರೋಗ ಗುರುತಿಸುವುದು ಅವರಿಗೂ ಸುಲಭ.

ವಾರಕ್ಕೊಮ್ಮೆ ಕಾಲು ಭಾಗ ನೀರು ಬದಲಿಸುವುದು, ಎರಡು ನಿಮಿಷದಲ್ಲಿ ತಿಂದು ಮುಗಿಸುವಷ್ಟೇ ಆಹಾರ ಹಾಕುವುದು, ಮಳೆಗಾಲಕ್ಕೆ ಮೊದಲೇ ಲೀಟರ್‌ಗೆ ಸುಮಾರು 1 ವಾಟ್ ಲೆಕ್ಕದಲ್ಲಿ ಹೀಟರ್ ಅಳವಡಿಸುವುದು, ಹೊಸ ಮೀನನ್ನು ಪ್ರತ್ಯೇಕವಾಗಿಡುವುದು. ಈ ನಾಲ್ಕನ್ನು ಪಾಲಿಸಿದರೆ ಮೇಲೆ ಹೇಳಿದ ಔಷಧಗಳಲ್ಲಿ ಹೆಚ್ಚಿನವು ಬೇಕಾಗುವುದೇ ಇಲ್ಲ.